ಹ್ಯಾಲೊವೀನ್ ಪಾರ್ಟಿಗೆ ಭೂತದ ಜೆಲ್ಲಿ: ಕಾರವಾರ, ಶಿರಸಿ ಕಡೆಯವರು ಪದೇ ಪದೇ ಕೇಳುವ ಪ್ರಶ್ನೆಗಳು

ಅಕ್ಟೋಬರ್ ಅರ್ಧ ಕಳೆಯಿತೆಂದರೆ ನನ್ನ ಫೋನಿಗೆ ಕಣ್ಣುಗುಡ್ಡೆ, ಮಿದುಳು, ಎರೆಹುಳುಗಳ ಫೋಟೋ ಬರಲು ಶುರು. "ಅಕ್ಕಾ, ಇದನ್ನ ಮನೇಲಿ ಮಾಡಕ್ಕಾಗ್ತದಾ?" ಕಳಿಸುವವರು ಕಾರವಾರದ ನೌಕಾನೆಲೆ ಕ್ವಾರ್ಟರ್ಸ್‌ನವರು, ಮಲ್ಲಾಪುರದ ಕೈಗಾ ಟೌನ್‌ಶಿಪ್‌ನವರು, ಮಕ್ಕಳ ಹಟಕ್ಕೆ ಸೋತ ಶಿರಸಿ–ಯಲ್ಲಾಪುರದ ಆಯಿಯಂದಿರು. ಕೇಳುವುದು ಮಾತ್ರ ಹೆಚ್ಚುಕಡಿಮೆ ಒಂದೇ. ಎಲ್ಲವನ್ನೂ ಒಂದೆಡೆ ಬರೆದಿಟ್ಟಿದ್ದೇನೆ. ವಿಡಿಯೋಗಳಲ್ಲಿ ಬರುವ ಅಳತೆಯೆಲ್ಲ ಅಕ್ಟೋಬರ್‌ನಲ್ಲಿ ಸ್ವೆಟರ್ ಹಾಕುವ ದೇಶದ್ದು, ನಮ್ಮಲ್ಲಿ ಆಗ ಫ್ಯಾನ್ ಐದರಲ್ಲಿ ತಿರುಗುತ್ತಿರುತ್ತದೆ. ಈ ಒಂದು ಮಾತು ನೆನಪಿಟ್ಟುಕೊಂಡು ಮುಂದಿನದ್ದನ್ನು ಓದಿ.

ನಮಗೆಂತಕ್ಕೆ ಈ ಹ್ಯಾಲೊವೀನ್?

ಬೇಡವೆಂದರೆ ಬೇಡ, ಯಾರ ಒತ್ತಾಯವೂ ಇಲ್ಲ. ಅಕ್ಟೋಬರ್ 31 ಕ್ರೈಸ್ತರ ಸಕಲ ಸಂತರ ಹಬ್ಬದ ಹಿಂದಿನ ಸಂಜೆ. ನವೆಂಬರ್ 1 ಸಂತರ ದಿನ, 2 ಸತ್ತವರ ನೆನಪಿನ ದಿನ. ಅದರ ಹಿಂದೆ ಐರ್ಲೆಂಡ್, ಸ್ಕಾಟ್ಲೆಂಡ್ ಕಡೆಯ ಸುಗ್ಗಿ ಮುಗಿಯುವ ಹೊತ್ತಿನ ಹಳೆಯ ಆಚರಣೆಯೂ ಇದೆ. ಹೋಳಿಯಲ್ಲಿ ಬೇಡರ ವೇಷ ನೋಡಿ ಬೆಚ್ಚಿ ಬೆಳೆದ ಶಿರಸಿಯ ಮಕ್ಕಳಿಗೂ, ಯಕ್ಷಗಾನದ ರಕ್ಕಸ ವೇಷ ಕೂಗು ಹಾಕಿ ರಂಗಕ್ಕೆ ಬಂದಾಗ ಅಜ್ಜನ ಪಂಚೆ ಹಿಂದೆ ಅಡಗಿದವರಿಗೂ ಹೆದರಿಕೊಂಡು ಖುಷಿಪಡುವುದು ಹೊಸತೇನಲ್ಲ. ಇನ್ನೊಂದು ಅನುಕೂಲವೂ ಇದೆ. ಮರುದಿನ ರಾಜ್ಯೋತ್ಸವ, ಶಾಲೆಯಲ್ಲಿ ಪಾಠವಿಲ್ಲ. ಬೆಳಿಗ್ಗೆ ಧ್ವಜಾರೋಹಣಕ್ಕೆ ಏಳಬೇಕು ಎಂಬುದನ್ನು ಮಾತ್ರ ಮಕ್ಕಳಿಗೆ ಮೊದಲೇ ಹೇಳಿಡಿ.

2024ರಲ್ಲಿ ಇದೂ ನರಕ ಚತುರ್ದಶಿಯೂ ಒಂದೇ ದಿನ ಬಿದ್ದಿದ್ದವು. ಹಾಗಾದ ವರ್ಷ ಹಿರಿಯರಿರುವ ಮನೆಯಲ್ಲಿ ಪಾರ್ಟಿಯನ್ನು ಎರಡು ದಿನ ಆಚೀಚೆ ಮಾಡಿಕೊಂಡರೆ ಮನೆಯಲ್ಲಿ ಶಾಂತಿ.

ಜೆಲಾಟಿನ್ ತರಬೇಕೋ, ಚೈನಾ ಗ್ರಾಸ್ ತರಬೇಕೋ?

ಕರಾವಳಿಯಲ್ಲಿದ್ದೀರಾದರೆ, ಬಹುಪಾಲು ಕೆಲಸಕ್ಕೆ ಚೈನಾ ಗ್ರಾಸ್. ಕಾರಣ ಕೇವಲ ಸಸ್ಯಾಹಾರದ್ದಲ್ಲ, ಶಾಖದ್ದು.

ಜೆಲಾಟಿನ್ ಗಟ್ಟಿಯಾಗಲು ಫ್ರಿಜ್ ಬೇಕು, ಕರಗಲು 30–35 ಡಿಗ್ರಿ ಸಾಕು. ಬಾಯಲ್ಲಿಟ್ಟ ಕೂಡಲೇ ಕರಗುವುದು ಅದಕ್ಕೇ, ಅದರ ರುಚಿಯೂ ಅದೇ. ಆದರೆ ಕಾರವಾರ, ಅಂಕೋಲಾ, ಕುಮಟಾದಲ್ಲಿ ಅಕ್ಟೋಬರ್ ಕೊನೆಯ ಹಗಲು 30 ದಾಟುತ್ತದೆ, ಸಂಜೆಯೂ ಬೆವರು ಆರುವುದಿಲ್ಲ. ಹತ್ತಿಪ್ಪತ್ತು ಮಕ್ಕಳು ಕುಣಿಯುವ ಹಾಲ್‌ನಲ್ಲಿ ಮೇಜಿನ ಮೇಲಿಟ್ಟ ಜೆಲಾಟಿನ್ ಮಿದುಳು ಕೇಕ್ ಕತ್ತರಿಸುವ ಹೊತ್ತಿಗೆ ಬುಡದಲ್ಲಿ ನೀರು ಬಿಟ್ಟು ಒಂದು ಕಡೆ ವಾಲಿರುತ್ತದೆ. ಚೈನಾ ಗ್ರಾಸ್, ಅಂದರೆ ಅಗರ್, 35–40 ಡಿಗ್ರಿಗೆ ಇಳಿದರೆ ಹೊರಗೇ ಗಟ್ಟಿಯಾಗುತ್ತದೆ. ಮತ್ತೆ ಕರಗಬೇಕಾದರೆ 85 ಡಿಗ್ರಿ ಹತ್ತಿರ ಕಾಯಿಸಬೇಕು. ಕರೆಂಟು ಹೋದರೂ, ಫ್ರಿಜ್‌ನಲ್ಲಿ ಜಾಗವಿಲ್ಲದಿದ್ದರೂ ಅದಕ್ಕೇನೂ ಆಗದು.

ಈ ತಾಪತ್ರಯ ನಮ್ಮೊಬ್ಬರದ್ದೇ ಅಲ್ಲ. 1881ರ ಹೊತ್ತಿಗೆ ಜರ್ಮನಿಯಲ್ಲಿ ವಾಲ್ಟರ್ ಹೆಸ್ಸೆ ಎಂಬ ವೈದ್ಯ ಸೂಕ್ಷ್ಮಾಣು ವಿಜ್ಞಾನಿ ರಾಬರ್ಟ್ ಕಾಖ್‌ನ ಪ್ರಯೋಗಾಲಯದಲ್ಲಿ ಸೂಕ್ಷ್ಮಾಣುಗಳನ್ನು ಜೆಲಾಟಿನ್ ಮೇಲೆ ಬೆಳೆಸಲು ಒದ್ದಾಡುತ್ತಿದ್ದ. ಬೇಸಗೆಯ ಸೆಕೆಗೆ ಜೆಲಾಟಿನ್ ಕರಗುತ್ತಿತ್ತು, ಉಳಿದದ್ದನ್ನು ಸೂಕ್ಷ್ಮಾಣುಗಳೇ ತಿಂದು ನೀರು ಮಾಡುತ್ತಿದ್ದವು. ಹೆಂಡತಿ ಫ್ಯಾನಿ ಹೆಸ್ಸೆ ಮಾಡುವ ಜೆಲ್ಲಿ ಮಾತ್ರ ಅದೇ ಸೆಕೆಯಲ್ಲಿ ಗಟ್ಟಿ ನಿಂತಿರುತ್ತಿತ್ತು. ಆಕೆ ಹಾಕುತ್ತಿದ್ದದ್ದು ಅಗರ್. ಜಾವಾದಲ್ಲಿದ್ದು ಬಂದ ನೆರೆಮನೆಯವರಿಂದ ಕಲಿತ ವಿದ್ಯೆ. ಇವತ್ತಿಗೂ ಲ್ಯಾಬ್‌ಗಳಲ್ಲಿ ಅಗರ್ ತಟ್ಟೆ ಇರುವುದು ಆ ಅಡುಗೆಮನೆಯ ಕೃಪೆ.

ಶಿರಸಿ, ಸಿದ್ದಾಪುರದವರಿಗೆ ಸ್ವಲ್ಪ ರಿಯಾಯಿತಿ ಇದೆ. ಘಟ್ಟದ ಮೇಲೆ ಆ ಹೊತ್ತಿಗೆ ರಾತ್ರಿ ತಂಪಾಗಿರುತ್ತದೆ. ಪಾರ್ಟಿ ಸಂಜೆ ಏಳರ ಮೇಲಾದರೆ ಜೆಲಾಟಿನ್ ತುಸು ಹೆಚ್ಚು ಹೊತ್ತು ತಡೆಯುತ್ತದೆ.

ಹಾಗಾದರೆ ಜೆಲಾಟಿನ್ ಬೇಡವೇ ಬೇಡವೇ?

ಥರಥರ ಅಲುಗಬೇಕು, ಎಳೆದರೆ ಹಿಗ್ಗಬೇಕು ಎಂದಾದರೆ ಜೆಲಾಟಿನ್ನೇ ಬೇಕು. ಅಗರ್ ಅಲುಗುವುದಿಲ್ಲ, ಕಚ್ಚಿದರೆ ಕಟಕ್ ಎಂದು ತುಂಡಾಗುತ್ತದೆ. ಕಣ್ಣುಗುಡ್ಡೆಗೆ, ಮಿದುಳಿಗೆ ಅದೇ ಚೆಂದ, ಹುಳುವಿಗೆ ಚೆಂದವಲ್ಲ. ಪ್ಯಾಕೆಟ್ ಜೆಲ್ಲಿ ಪುಡಿಗಳಲ್ಲಿ ಕ್ಯಾರಗೀನನ್ ಇರುತ್ತದಲ್ಲ, ಅದು ಎರಡರ ನಡುವಿನದು. ಅಲುಗುತ್ತದೆ, ಸೆಕೆಯನ್ನೂ ಸ್ವಲ್ಪ ತಾಳುತ್ತದೆ.

ಜೆಲಾಟಿನ್ ಯಾವುದರಿಂದ ಮಾಡುತ್ತಾರೆ? ಹಸಿರು ಚುಕ್ಕೆ ನೋಡಿದರೆ ಸಾಕೇ?

ದನ, ಹಂದಿಗಳ ಚರ್ಮ ಮತ್ತು ಮೂಳೆಗಳಿಂದ, ಕೆಲವೊಮ್ಮೆ ಮೀನಿನ ಚರ್ಮದಿಂದ. ಸಸ್ಯಾಹಾರದ ಜೆಲಾಟಿನ್ ಎಂಬುದು ಇಲ್ಲ, ಹಾಗೆಂದು ಮಾರುವುದು ಬೇರೆ ಏನೋ ಆಗಿರುತ್ತದೆ. ಹಸಿರು ಗುರುತಿನ ಜೊತೆ ಪದಾರ್ಥಗಳ ಪಟ್ಟಿಯನ್ನೂ ಓದಿ. 406 ಎಂದಿದ್ದರೆ ಅಗರ್, 407 ಎಂದಿದ್ದರೆ ಕ್ಯಾರಗೀನನ್, ಎರಡೂ ಕೆಂಪು ಕಡಲಪಾಚಿಯಿಂದ ಬಂದವು. ಜೆಲಾಟಿನ್ ಇದ್ದರೆ ಹೆಸರೇ ಬರೆದಿರುತ್ತದೆ, ಕೆಲವು ವಿದೇಶಿ ಪೊಟ್ಟಣಗಳಲ್ಲಿ 441 ಎಂಬ ಸಂಖ್ಯೆ ಇರಬಹುದು. ಅಂಗಡಿಯ ಮಾರ್ಷ್‌ಮೆಲೊ, ಹೊರದೇಶದಿಂದ ಬಂದ ಗಮ್ಮಿ ಮಿಠಾಯಿಗಳನ್ನೂ ಹೀಗೇ ನೋಡಿ. ಅಲಂಕಾರಕ್ಕೆಂದು ಮೇಲೆ ಇಟ್ಟ ಒಂದು ಗಮ್ಮಿಯಿಂದ ಇಡೀ ತಟ್ಟೆ ಸಸ್ಯಾಹಾರಿಗಳಿಗೆ ಬೇಡವಾಗುತ್ತದೆ.

ಪಾರ್ಟಿಗೆ ಬರುವವರಲ್ಲಿ ಮೀನೂಟದವರು, ಸಸ್ಯಾಹಾರಿಗಳು, ಹಂದಿ ತಿನ್ನದವರು, ದನ ತಿನ್ನದವರು ಎಲ್ಲ ಇರುತ್ತಾರೆ, ನಮ್ಮ ಜಿಲ್ಲೆಯೇ ಹಾಗೆ. "ಗೊತ್ತಾಗದಿದ್ದರೆ ಏನಾಗ್ತದೆ" ಎನ್ನುವವರಿಗೆ ನಾನು ಜೆಲ್ಲಿ ಮಾಡಿಕೊಡುವುದಿಲ್ಲ. ಜೆಲಾಟಿನ್ ಬಳಸಿದ್ದರೆ ತಟ್ಟೆಯ ಮುಂದೆ ದೊಡ್ಡಕ್ಷರದಲ್ಲಿ ಚೀಟಿ ಇಡಿ.

ಅಳತೆ ಹೇಳಿ.

ಅರ್ಧ ಲೀಟರ್ ದ್ರವಕ್ಕೆ ಲೆಕ್ಕ:

ಜೆಲಾಟಿನ್ ಪುಡಿ, ಬಟ್ಟಲಲ್ಲೇ ತಿನ್ನುವುದಕ್ಕೆ 10 ಗ್ರಾಂ, ಅಚ್ಚಿನಿಂದ ಬೋರಲು ಹಾಕುವುದಕ್ಕೆ 15 ಗ್ರಾಂ. ಮೊದಲು ನಾಲ್ಕೈದು ಪಟ್ಟು ತಣ್ಣೀರಿನ ಮೇಲೆ ಉದುರಿಸಿ ಹತ್ತು ನಿಮಿಷ ನೆನೆಯಲು ಬಿಡಿ. ಬಿಸಿ ದ್ರವದಲ್ಲಿ ಕದಡಿದರೆ ಕರಗುತ್ತದೆ. ಕುದಿಸಬೇಡಿ, ಕುದಿದಷ್ಟೂ ಅದರ ಹಿಡಿತ ಕಡಿಮೆ.

ಅಗರ್ ಪುಡಿ 4ರಿಂದ 5 ಗ್ರಾಂ. ಎಳೆ ಚೈನಾ ಗ್ರಾಸ್ ಆದರೆ 10 ಗ್ರಾಂ ಪೊಟ್ಟಣ ಸುಮಾರು ಒಂದು ಲೀಟರಿಗೆ. ಎಳೆಗಳನ್ನು ಕತ್ತರಿಯಿಂದ ತುಂಡು ಮಾಡಿ ಅರ್ಧ ಗಂಟೆ ನೆನೆಸಿ. ಇದಕ್ಕೆ ಜೆಲಾಟಿನ್‌ನ ತದ್ವಿರುದ್ಧ ನಿಯಮ: ಕುದಿಸಲೇಬೇಕು. ಎರಡು ಮೂರು ನಿಮಿಷ ಸಣ್ಣಗೆ ಕುದಿದು, ಸೌಟಿನಲ್ಲಿ ಎತ್ತಿದರೆ ಒಂದೂ ಎಳೆ ಕಾಣಬಾರದು. ಅನುಮಾನವಿದ್ದರೆ ಜರಡಿಯಲ್ಲಿ ಸೋಸಿ.

ಹೊಸ ಪೊಟ್ಟಣ ತಂದಾಗ ಒಂದು ಚಮಚ ಕುದಿಸಿದ ದ್ರವವನ್ನು ಸ್ಟೀಲ್ ತಟ್ಟೆ ಮೇಲೆ ಹಾಕಿ ಎರಡು ನಿಮಿಷ ಕಾದು ಬೆರಳಲ್ಲಿ ಒತ್ತಿ ನೋಡಿ. ಮೆದು ಎನಿಸಿದರೆ ಇನ್ನಷ್ಟು ಪುಡಿ ಸೇರಿಸಿ ಕುದಿಸಿ, ಗಟ್ಟಿ ಎನಿಸಿದರೆ ಬಿಸಿನೀರು ಸೇರಿಸಿ.

ಜೆಲ್ಲಿ ಗಟ್ಟಿಯಾಗಲೇ ಇಲ್ಲ. ಯಾಕೆ?

ಅನಾನಸ್ ಹಾಕಿದ್ದಿರಾ ಎಂದೇ ನಾನು ಮೊದಲು ಕೇಳುವುದು. ಹಸಿ ಅನಾನಸ್, ಪಪ್ಪಾಯಿ, ಕಿವಿ, ಅಂಜೂರ, ಹಸಿಶುಂಠಿ ಇವುಗಳಲ್ಲಿ ಪ್ರೋಟೀನನ್ನು ಕತ್ತರಿಸುವ ಕಿಣ್ವಗಳಿವೆ. ಜೆಲಾಟಿನ್ ಪ್ರೋಟೀನೇ ಆದ್ದರಿಂದ ಇಡೀ ರಾತ್ರಿ ಫ್ರಿಜ್‌ನಲ್ಲಿಟ್ಟರೂ ಶರಬತ್ತಾಗಿಯೇ ಉಳಿಯುತ್ತದೆ. ಬನವಾಸಿ ಕಡೆಯ ಒಳ್ಳೆ ಅನಾನಸ್ ಸಿಕ್ಕಿತೆಂದು ಹಸಿಯಾಗಿ ಹೆಚ್ಚಿ ಹಾಕುವವರಿಗೆಲ್ಲ ಇದೇ ಗತಿ. ಹೋಳುಗಳನ್ನು ಐದು ನಿಮಿಷ ಬೇಯಿಸಿ ಹಾಕಿ, ಅಥವಾ ಡಬ್ಬದ್ದು ತನ್ನಿ. ಅಗರ್‌ಗೆ ಈ ಕಾಟವಿಲ್ಲ, ಅದು ಪ್ರೋಟೀನ್ ಅಲ್ಲ.

ಅಗರ್‌ಗೆ ಆಗದ್ದು ಹುಳಿಯೊಂದಿಗಿನ ಕುದಿತ. ಮುರುಗಲು (ಕೋಕಂ), ಲಿಂಬು, ಹುಣಸೆ ಯಾವುದೇ ಆಗಲಿ, ಅದರ ಜೊತೆ ಕುದಿಸಿದರೆ ಹಿಡಿತ ಬಿಡುತ್ತದೆ. ಬರಿ ನೀರಲ್ಲಿ ಅಗರ್ ಕುದಿಸಿ, ಒಲೆಯಿಂದ ಇಳಿಸಿ, ಆಮೇಲೆ ಹುಳಿ ಸೇರಿಸಿ. ಹುಳಿರಸವೂ ಉಗುರು ಬೆಚ್ಚಗಿರಲಿ. ಫ್ರಿಜ್‌ನಿಂದ ತೆಗೆದದ್ದನ್ನು ಹಾಗೇ ಸುರಿದರೆ ಬಿದ್ದಲ್ಲೇ ಗಂಟು ಕಟ್ಟುತ್ತದೆ.

ರಕ್ತ ನಿಜವಾದ ರಕ್ತದ ಹಾಗೆ ಕಾಣಬೇಕು. ಯಾವ ಬಣ್ಣ?

ಬಣ್ಣದ ಬಾಟಲಿ ಕೆಳಗಿಡಿ, ಅಡುಗೆಮನೆಯ ಭರಣಿ ತೆಗೆಯಿರಿ. ಶಿರಸಿಯವರ ಮುರುಗಲು, ಕಾರವಾರದವರ ಸೋಲು, ಅಂಗಡಿಯವರ ಕೋಕಂ. ಇದರ ಬಣ್ಣಕ್ಕೆ ಸಾಟಿಯಿಲ್ಲ. ಕೃತಕ ಕೆಂಪು ಯಾವಾಗಲೂ ಗುಲಾಬಿ ಶರಬತ್ತಿನ ಕಡೆ ವಾಲುತ್ತದೆ. ಮುರುಗಲಿನದು ಆಳದಲ್ಲಿ ಕಪ್ಪು, ಅಂಚಿನಲ್ಲಿ ಕೆಂಪು. ಬಿಳಿ ಪಿಂಗಾಣಿ ತಟ್ಟೆಯ ಮೇಲೆ ಒಂದು ಚಮಚ ಸುರಿದು ತಟ್ಟೆ ವಾಲಿಸಿ ನೋಡಿ: ನಡುವೆ ಹೆಪ್ಪುಗಟ್ಟಿದಂತೆ ಗಾಢ, ಹರಿದ ದಾರಿಯಲ್ಲಿ ತೆಳು ಕೆಂಪು, ಕೊನೆಯ ಹನಿ ನೇರಳೆ.

ಒಂದು ಮುಖ್ಯ ಎಚ್ಚರಿಕೆ. ಸಾರಿಗೆ, ಸೋಲ್ ಕಡಿಗೆ ಇಟ್ಟುಕೊಂಡ ಸಿಪ್ಪೆಗೆ ಸಾಮಾನ್ಯವಾಗಿ ಉಪ್ಪು ಬೆರೆತಿರುತ್ತದೆ, ಉಪ್ಪು ಹಾಕಿದ ರಸದ ಬಾಟಲಿಯೂ ಸಿಗುತ್ತದೆ. ಎರಡೂ ಸಿಹಿಗೆ ಬೇಡ. ಉಪ್ಪಿಲ್ಲದೆ ಒಣಗಿಸಿದ ಸಿಪ್ಪೆ ಕೇಳಿ ತನ್ನಿ, ಇಲ್ಲವೇ ಬೇಸಗೆಯಲ್ಲಿ ಸಕ್ಕರೆ ತುಂಬಿ ಬಿಸಿಲಿಗಿಟ್ಟ ಮುರುಗಲು ಸಿರಪ್ ಮನೆಯಲ್ಲಿದ್ದರೆ ಅದೇ ಸರಿ. ಒಂದು ಹಿಡಿ ಸಿಪ್ಪೆಯನ್ನು ಒಂದು ಲೋಟ ಬಿಸಿನೀರಲ್ಲಿ ಅರ್ಧ ಗಂಟೆ ನೆನೆಸಿ, ಕಿವುಚಿ, ಸೋಸಿ, ಸಮಪ್ರಮಾಣ ಸಕ್ಕರೆ ಹಾಕಿ ಕುದಿಸಿ. ಒಂದೆಳೆ ಪಾಕಕ್ಕೆ ಸ್ವಲ್ಪ ಮೊದಲೇ ಇಳಿಸಿ, ತಣಿದಾಗ ಇನ್ನಷ್ಟು ಮಂದವಾಗುತ್ತದೆ. ಕಬ್ಬಿಣದ ಬಾಣಲೆ ಬೇಡ, ಹುಳಿಗೆ ಕಬ್ಬಿಣ ಬಿಟ್ಟು ರುಚಿಯೂ ಬಣ್ಣವೂ ಕೆಡುತ್ತದೆ. ಅಡುಗೆ ಸೋಡಾ ಸೋಕಿದರೂ ಕೆಂಪು ಹೋಗಿ ನೀಲಿ ಮಿಶ್ರಿತ ಮಣ್ಣುಬಣ್ಣ ಬರುತ್ತದೆ.

ಬಸಳೆ ಚಪ್ಪರದಲ್ಲಿ ಕಪ್ಪು ಹಣ್ಣು ಬಿಟ್ಟಿದ್ದರೆ ಅದನ್ನೂ ಹಿಂಡಿಕೊಳ್ಳಿ. ಮಕ್ಕಳು ಉಗುರಿಗೆ ಬಳಿದುಕೊಂಡು ಆಡುವ ಅದೇ ಹಣ್ಣು. ರುಚಿ ಏನೂ ಇಲ್ಲ, ಬಣ್ಣ ಮಾತ್ರ ಅಚ್ಚ ನೇರಳೆಗೆಂಪು. ಕುದಿಸಿದರೆ ಮಂಕಾಗುತ್ತದೆ, ಕೊನೆಯಲ್ಲಿ ಬೆರೆಸಿ.

ಕಣ್ಣುಗುಡ್ಡೆ ಮಾಡುವ ಅಚ್ಚು ಇಲ್ಲಿ ಸಿಗುವುದಿಲ್ಲ. ಆನ್‌ಲೈನ್ ತರಿಸಬೇಕೇ?

ಬೇಡ. ಪಡ್ಡಿನ ಹಂಚಿನ ಗುಳಿ ಸರಿಯಾಗಿ ಅರ್ಧ ಗೋಳ. ನಾನ್‌ಸ್ಟಿಕ್ ಹಂಚೇ ಆಗಲಿ, ಎಣ್ಣೆ ಕುಡಿದ ಬೀಡಿನ ಹಂಚಿನಲ್ಲಿ ನಿನ್ನೆಯ ಈರುಳ್ಳಿ ವಾಸನೆ ಕಣ್ಣಿಗೂ ಬರುತ್ತದೆ. ಮಿನಿ ಇಡ್ಲಿ ತಟ್ಟೆಯೂ ಆಗುತ್ತದೆ, ಕಣ್ಣು ಸ್ವಲ್ಪ ಚಪ್ಪಟೆಯಾಗುತ್ತದೆ, ಅಷ್ಟೇ.

ಕೆಲಸ ತಲೆಕೆಳಗಾಗಿ ಮಾಡಬೇಕು, ಯಾಕೆಂದರೆ ಗುಳಿಯ ತಳವೇ ಕೊನೆಗೆ ಕಣ್ಣಿನ ಮುಂಭಾಗ. ಗುಳಿಗೆ ನೀರು ಸವರಿ. ಎಣ್ಣೆಯೇ ಬೇಕೆಂದರೆ ಸೂರ್ಯಕಾಂತಿ ಎಣ್ಣೆ ಒಂದು ತೊಟ್ಟು ಸಾಕು. ಕೊಬ್ಬರಿ ಎಣ್ಣೆ ಫ್ರಿಜ್‌ನಲ್ಲಿ ಹೆಪ್ಪುಗಟ್ಟಿ ಜೆಲ್ಲಿಯ ಮೇಲೆ ಬಿಳಿ ಕಲೆಯಾಗಿ ಕೂರುತ್ತದೆ. ತಳದಲ್ಲಿ ಒಂದು ಕಪ್ಪು ಒಣದ್ರಾಕ್ಷಿ ಚಪ್ಪಟೆಯಾಗಿ ಇಡಿ, ಅದು ಪಾಪೆ. ಅದರ ಮೇಲೆ ಒಂದು ಚಮಚ ನೀಲಿ ಜೆಲ್ಲಿ. ನೀಲಿಗೆ ಬೇಲಿಯ ಶಂಖಪುಷ್ಪ ಹತ್ತು ಹನ್ನೆರಡು ಹೂವನ್ನು ಅರ್ಧ ಲೋಟ ಬಿಸಿನೀರಲ್ಲಿ ಬಿಟ್ಟರೆ ಸಾಕು. ಎರಡು ಹನಿ ಲಿಂಬು ಬಿದ್ದರೆ ಅದೇ ನೇರಳೆಯಾಗುತ್ತದೆ, ಹಾಗಾಗಿ ಒಂದು ಹಂಚಿನಲ್ಲಿ ಎರಡು ಬಣ್ಣದ ಕಣ್ಣು ಮಾಡಬಹುದು. ಕೊನೆಯಲ್ಲಿ ಬಿಳಿ: ದಪ್ಪ ತೆಂಗಿನಕಾಯಿ ಹಾಲು, ಸಕ್ಕರೆ, ಅಗರ್.

ಪದರಗಳ ನಡುವಿನ ಸಮಯವೇ ಇಲ್ಲಿ ಎಲ್ಲ. ನೀಲಿಯ ಮೇಲೆ ಬೆರಳಿಟ್ಟರೆ ಅಂಟಬೇಕು, ಆದರೆ ಬೆರಳು ಒಳಗೆ ಇಳಿಯಬಾರದು. ಆ ಗಳಿಗೆಯಲ್ಲಿ ಬಿಳಿಯದ್ದನ್ನು ಬಿಸಿಯಿರುವಾಗಲೇ ಚಮಚದ ಬೆನ್ನಿನ ಮೇಲೆ ಹಾಯಿಸಿ ಬಿಡಿ. ನೀಲಿ ಪೂರ್ತಿ ತಣಿದಿದ್ದರೆ ಎರಡು ಪದರ ಹಿಡಿದುಕೊಳ್ಳದೆ ತಟ್ಟೆಯಲ್ಲಿ ಪಾಪೆ ಒಂದು ಕಡೆ, ಕಣ್ಣು ಒಂದು ಕಡೆ. ಜೆಲಾಟಿನ್‌ನಲ್ಲಿ ಮಾಡುವವರಿಗೆ ಉಲ್ಟಾ: ಕೆಳಗಿನದು ಪೂರ್ತಿ ಗಟ್ಟಿಯಾಗಿರಬೇಕು, ಮೇಲಿನದು ತಣ್ಣಗಿರಬೇಕು, ಇಲ್ಲದಿದ್ದರೆ ಬಿಸಿಗೆ ಕೆಳಗಿನದು ಕರಗಿ ಕಲಸಿಹೋಗುತ್ತದೆ.

ಗಟ್ಟಿಯಾದ ಮೇಲೆ ಟೂತ್‌ಪಿಕ್ಕನ್ನು ಮುರುಗಲು ಪಾಕದಲ್ಲಿ ಅದ್ದಿ ಬಿಳಿಯ ಅಂಚಿಂದ ಒಳಕ್ಕೆ ಸೊಟ್ಟ ಸೊಟ್ಟ ಗೆರೆ ಎಳೆಯಿರಿ. ಎಲ್ಲ ಕಣ್ಣಿಗೂ ಬೇಡ, ನಾಲ್ಕಕ್ಕೆ ಒಂದು ಇದ್ದರೆ ಹೆಚ್ಚು ಅಸಹ್ಯ.

ಬೇಸಗೆಯಲ್ಲಿ ಮಾಡುವುದಾದರೆ ತಾಟಿನಿಂಗು ಸಿಗುತ್ತದೆ, ದೇವರೇ ಮಾಡಿಟ್ಟ ಕಣ್ಣು ಅದು. ಅಕ್ಟೋಬರ್‌ನಲ್ಲಿ ಡಬ್ಬದ ಲಿಚಿಯೊಳಗೆ ಕಪ್ಪು ದ್ರಾಕ್ಷಿ ತುರುಕಿ ಕೆಲಸ ಮುಗಿಸುವವರೂ ಇದ್ದಾರೆ. ತಪ್ಪಿಲ್ಲ.

ಮಿದುಳು?

ಸಿಲಿಕಾನ್ ಅಚ್ಚು ಇದ್ದರೆ ಒಳ್ಳೆಯದು. ಇಲ್ಲದಿದ್ದರೂ ಬಣ್ಣದ್ದೇ ಮುಕ್ಕಾಲು ಪಾಲು ಕೆಲಸ. ಎಲ್ಲರೂ ಗುಲಾಬಿ ಎಸೆನ್ಸ್ ಹಾಕಿ ಐಸ್‌ಕ್ರೀಂ ಬಣ್ಣ ಮಾಡಿಬಿಡುತ್ತಾರೆ. ನಿಮ್ಮಲ್ಲಿ ಸೋಲ್ ಕಡಿ ಮಾಡುವವರಿದ್ದರೆ ಆ ಬಣ್ಣ ನೆನಪಿಸಿಕೊಳ್ಳಿ: ತೆಂಗಿನ ಹಾಲಿಗೆ ಮುರುಗಲು ಬಿದ್ದಾಗ ಬರುವ ಬೂದು ಬೆರೆತ ಗುಲಾಬಿ. ಮಿದುಳಿಗೆ ಅದೇ ಬೇಕು, ಬೆಳ್ಳುಳ್ಳಿ ಮಾತ್ರ ಬೇಡ. ಹಸುವಿನ ಹಾಲಿಗೆ ಮುರುಗಲು ಹಾಕಬೇಡಿ, ಒಡೆಯುತ್ತದೆ.

ಅರ್ಧ ಲೀಟರ್ ತೆಂಗಿನ ಹಾಲು–ನೀರಿಗೆ 5 ಗ್ರಾಂ ಅಗರ್, ರುಚಿಗೆ ಸಕ್ಕರೆ, ಒಲೆಯಿಂದ ಇಳಿಸಿದ ಮೇಲೆ ಮೂರು ನಾಲ್ಕು ಚಮಚ ಬೆಚ್ಚನೆ ಮುರುಗಲು ರಸ, ಏಲಕ್ಕಿ. ಅಚ್ಚು ಇಲ್ಲದವರು ದುಂಡು ಬಟ್ಟಲಲ್ಲಿ ಹೊಯ್ದು ಬೋರಲು ಹಾಕಿ, ಚಮಚದ ತುದಿಯಿಂದ ನಡುವೆ ಆಳದ ಒಂದು ಸೀಳು, ಅಕ್ಕಪಕ್ಕ ಹಾವು ಹರಿದಂತೆ ಗೆರೆ ಕೊರೆಯಿರಿ. ಕೊರೆದ ಗೆರೆಗಳಿಗೆ ರಕ್ತ ಇಳಿಸಿ. ಹತ್ತಿರದಿಂದ ನೋಡಿದರೆ ಅಷ್ಟೇನೂ ಇಲ್ಲ, ಮಂದ ಬೆಳಕಲ್ಲಿ ಯಾರೂ ಮೊದಲ ಚಮಚ ಹಾಕಲು ಮುಂದೆ ಬರುವುದಿಲ್ಲ.

ಹುಳುಗಳನ್ನು ಸ್ಟ್ರಾದಲ್ಲಿ ಮಾಡುತ್ತಾರಲ್ಲ, ಹೇಗೆ? ಸಸ್ಯಾಹಾರಿ ಹುಳು ಸಾಧ್ಯವೇ?

ಸ್ಟ್ರಾ ಹುಳು ಜೆಲಾಟಿನ್‌ದು. ಬಗ್ಗುವ ಸ್ಟ್ರಾಗಳನ್ನು ಎಳೆದು ಉದ್ದ ಮಾಡಿ, ರಬ್ಬರ್ ಹಾಕಿ ಕಟ್ಟು ಮಾಡಿ, ಎತ್ತರದ ಲೋಟದಲ್ಲಿ ಒತ್ತೊತ್ತಾಗಿ ನಿಲ್ಲಿಸಿ. ಮಾಮೂಲಿ ಅಳತೆಯ ಎರಡರಷ್ಟು ಜೆಲಾಟಿನ್ ಹಾಕಿದ ದ್ರವವನ್ನು ಉಗುರು ಬೆಚ್ಚಗಾದ ಮೇಲೆ ಸುರಿಯಿರಿ. ರಾತ್ರಿಯಿಡೀ ಫ್ರಿಜ್. ಮರುದಿನ ಒಂದು ಕ್ಷಣ ಬಿಸಿನೀರಲ್ಲಿ ಅದ್ದಿ, ಸ್ಟ್ರಾದ ಒಂದು ತುದಿಯಿಂದ ಬೆರಳಲ್ಲಿ ಒತ್ತುತ್ತ ಬಂದರೆ ಹುಳು ಇನ್ನೊಂದು ತುದಿಯಿಂದ ಇಳಿಯುತ್ತದೆ. ಸ್ಟ್ರಾದ ಸುಕ್ಕಿನ ಜಾಗದಲ್ಲಿ ಎರೆಹುಳುವಿನ ಉಂಗುರವೂ ಮೂಡಿರುತ್ತದೆ.

ಸಸ್ಯಾಹಾರಿ ಹುಳುವಿಗೆ ನನ್ನ ಮತ ಕೂವೆ ಹಿಟ್ಟಿಗೆ, ಅಂದರೆ ಆರಾರೂಟಿಗೆ. ಫಲೂದಾದ ಶಾವಿಗೆ ಮಾಡುವ ವಿಧಾನವೇ. ಒಂದು ಲೋಟ ಕೂವೆ ಹಿಟ್ಟನ್ನು ಮೂರು ಲೋಟ ನೀರಲ್ಲಿ ಗಂಟಿಲ್ಲದೆ ಕಲಸಿ, ಸ್ವಲ್ಪ ಜೋನಿ ಬೆಲ್ಲ ಸೇರಿಸಿ, ತಿರುಗಿಸುತ್ತ ಬೇಯಿಸಿ. ಬಿಳಿ ಹೋಗಿ ಗಾಜಿನಂತೆ ಪಾರದರ್ಶಕವಾಗಿ, ಸೌಟು ಎತ್ತಿದರೆ ಮುದ್ದೆಯಾಗಿ ಬೀಳಬೇಕು. ಬಿಸಿಯಿರುವಾಗಲೇ ಚಕ್ಕುಲಿ ಒರಳಿಗೆ ತುಂಬಿ, ದಪ್ಪ ತೂತಿನ ಬಿಲ್ಲೆ ಹಾಕಿ, ಐಸ್ ನೀರಿನ ಪಾತ್ರೆಗೆ ಒತ್ತಿ. ನೀರಿಗೆ ಬಿದ್ದ ಕೂಡಲೇ ಮುದುರಿಕೊಳ್ಳುತ್ತವೆ. ಜೋನಿ ಬೆಲ್ಲದ ಕಂದು ಬಣ್ಣ ಅಡಿಕೆ ತೋಟದ ಎರೆಹುಳುವಿನದ್ದೇ. ಚಾಕಲೇಟ್ ಬಿಸ್ಕಿಟ್ ಪುಡಿ ಮಾಡಿ ಮಣ್ಣೆಂದು ಹರಡಿ, ಮೇಲೆ ಹುಳು ಬಿಡಿ. ಅವತ್ತೇ ಮಾಡಿ ಅವತ್ತೇ ತಿನ್ನುವ ಪದಾರ್ಥ ಇದು, ಮರುದಿನಕ್ಕೆ ರಬ್ಬರಾಗುತ್ತದೆ.

ಕಪ್ಪು ಜೆಲ್ಲಿಗೆ ಇದ್ದಿಲ ಪುಡಿ ಹಾಕಬಹುದೇ?

ಆ್ಯಕ್ಟಿವೇಟೆಡ್ ಚಾರ್‌ಕೋಲ್ ಹಾಕಬೇಡಿ. ಅದು ಔಷಧಿಗಳನ್ನು ಹೊಟ್ಟೆಯಲ್ಲೇ ಹೀರಿಕೊಳ್ಳುತ್ತದೆ, ಬಂದವರಲ್ಲಿ ಯಾರು ಯಾವ ಮಾತ್ರೆ ನುಂಗುತ್ತಾರೋ ನಿಮಗೆ ಗೊತ್ತಿರುವುದಿಲ್ಲ. ಕಪ್ಪು ದ್ರಾಕ್ಷಿಯ ರಸವನ್ನು ಸಿಪ್ಪೆ ಸಮೇತ ಕುದಿಸಿ ಸೋಸಿದರೆ ಆಳವಾದ ಬಟ್ಟಲಲ್ಲಿ ಕಪ್ಪಾಗಿಯೇ ಕಾಣುತ್ತದೆ. ಅದರ ಮೇಲೆ ಜೇಡರ ಬಲೆ ಬಿಡಿಸಲು ಮಂದ ಹಾಲು: ಪ್ಲಾಸ್ಟಿಕ್ ಚೀಲದ ಮೂಲೆ ಸಣ್ಣಗೆ ಕತ್ತರಿಸಿ ಸುತ್ತು ಸುತ್ತು ಉಂಗುರ ಎಳೆದು, ಟೂತ್‌ಪಿಕ್ಕಿನಿಂದ ನಡುವಿನಿಂದ ಹೊರಕ್ಕೆ ಗೀಚಿ.

ಅಂಗಡಿಯ ಫುಡ್ ಕಲರ್ ಹಾಕಿದರೆ ತೊಂದರೆಯೇ?

ಲೈಸೆನ್ಸ್ ಸಂಖ್ಯೆ ಇರುವ, ಸೀಲ್ ಮಾಡಿದ ಬಾಟಲಿಯದ್ದು ಹನಿ ಲೆಕ್ಕದಲ್ಲಿ ಹಾಕಿ. ನಮ್ಮ ದೇಶದಲ್ಲಿ ತಿನಿಸಿಗೆ ಅನುಮತಿ ಇರುವ ಕೃತಕ ಬಣ್ಣಗಳು ಎಂಟೇ. ಪೊಟ್ಟಣ ಕಟ್ಟಿ ಚಿಲ್ಲರೆಯಾಗಿ ಮಾರುವ ಹೆಸರಿಲ್ಲದ ಪುಡಿ ಮುಟ್ಟಬೇಡಿ. 2024ರ ಮಾರ್ಚ್‌ನಲ್ಲಿ ಕರ್ನಾಟಕ ಸರ್ಕಾರ ಬಾಂಬೆ ಮಿಠಾಯಿ, ಗೋಬಿ ಮಂಚೂರಿಯಲ್ಲಿ ರೊಡಮೈನ್–ಬಿ ಬಳಕೆ ನಿಷೇಧಿಸಿದ್ದು ನೆನಪಿರಬಹುದು. ಅದು ಬಟ್ಟೆಗೆ ಹಾಕುವ ಬಣ್ಣ.

ಕತ್ತಲಲ್ಲಿ ಹೊಳೆಯುವ ಜೆಲ್ಲಿ ನಿಜವೇ?

ನಿಜ, ಆದರೆ ತಾನಾಗಿ ಹೊಳೆಯುವುದಿಲ್ಲ. ಟಾನಿಕ್ ವಾಟರ್‌ನಲ್ಲಿರುವ ಕ್ವಿನೈನ್ ನೇರಳಾತೀತ ಬೆಳಕು ಬಿದ್ದಾಗ ನೀಲಿಯಾಗಿ ಬೆಳಗುತ್ತದೆ. ಅದಕ್ಕೆ ಬ್ಲ್ಯಾಕ್ ಲೈಟ್ ಬಲ್ಬ್ ಬೇಕು. ಅರ್ಧ ಟಾನಿಕ್ ವಾಟರ್, ಅರ್ಧ ಎಳನೀರು ಹಾಕಿದರೆ ಕಹಿ ಹತೋಟಿಗೆ ಬರುತ್ತದೆ. ಆದರೆ ಎಳನೀರಲ್ಲಿರುವ ಲವಣ ಹೊಳಪನ್ನು ತುಸು ಕುಂದಿಸುತ್ತದೆ, ಚಿಟಿಕೆ ಉಪ್ಪು ಬಿದ್ದರಂತೂ ಇನ್ನೂ ಕಡಿಮೆ. ಪೂರ್ತಿ ಹೊಳಪು ಬೇಕಿದ್ದರೆ ಎಳನೀರಿನ ಬದಲು ಬರಿ ನೀರು, ಸಕ್ಕರೆ. ಗರ್ಭಿಣಿಯರಿಗೂ ಚಿಕ್ಕ ಮಕ್ಕಳಿಗೂ ಇದನ್ನು ಕೊಡಬೇಡಿ, ನೋಡಲಿಕ್ಕಷ್ಟೇ ಇಡಿ.

ಚಿಕ್ಕ ಮಕ್ಕಳು ಬರುತ್ತಾರೆ. ಏನು ಜಾಗ್ರತೆ?

ಗಂಟಲಿನದು. ಐದು ವರ್ಷದೊಳಗಿನವರಿಗೆ ಇಡಿ ದ್ರಾಕ್ಷಿ, ಇಡಿ ಲಿಚಿ, ಇಡಿ ಕಣ್ಣುಗುಡ್ಡೆ ಯಾವುದೂ ಕೈಗೆ ಕೊಡಬೇಡಿ. ಅಗರ್ ಬಾಯಲ್ಲಿ ಕರಗುವುದಿಲ್ಲ, ಜಾರುತ್ತದೆ. ನುಣ್ಣಗೆ, ದುಂಡಗೆ, ಗಟ್ಟಿ ಇರುವ ಯಾವುದೂ ಪುಟ್ಟ ಗಂಟಲಿಗೆ ಬಿರಡೆಯಾಗಿಬಿಡಬಹುದು. ಕೊಂಜಾಕ್ ಎಂಬ ಗೆಡ್ಡೆಯ ಹಿಟ್ಟು ಹಾಕಿದ ಪುಟಾಣಿ ಕಪ್ ಜೆಲ್ಲಿಗಳನ್ನು ಯುರೋಪಿಯನ್ ಒಕ್ಕೂಟ ನಿಷೇಧಿಸಿದ್ದೇ ಈ ಕಾರಣಕ್ಕೆ. ಪುಟ್ಟ ಮಕ್ಕಳಿಗೆ ಬೇರೆ ಬಟ್ಟಲಲ್ಲಿ ಮೆದುವಾಗಿ ಹೊಯ್ದು, ಚೂರು ಮಾಡಿ, ಕೂರಿಸಿಕೊಂಡು ಚಮಚದಲ್ಲಿ ತಿನ್ನಿಸಿ. ಓಡುತ್ತ, ನಗುತ್ತ ತಿನ್ನಲು ಬಿಡಬೇಡಿ. ಸ್ಟ್ರಾ ಚೂರು, ಟೂತ್‌ಪಿಕ್ಕು ತಟ್ಟೆಯಲ್ಲಿ ಉಳಿಯದಂತೆ ನೋಡಿಕೊಳ್ಳಿ.

ಶರಬತ್ತಿನ ಪಾತ್ರೆಯಲ್ಲಿ ತೇಲುವ ಕೈ, ಹೊಗೆ ಬರುವ ಪಾತ್ರೆ?

ಕೈಗೆ ಪೌಡರ್ ಇಲ್ಲದ, ಆಹಾರಕ್ಕೆ ಬಳಸುವ ಕೈಗವಸು ತೊಳೆದು, ಎಳನೀರು ತುಂಬಿ, ಗಂಟು ಕಟ್ಟಿ ಫ್ರೀಜರ್‌ನಲ್ಲಿಡಿ. ಜೆಲ್ಲಿಗಿಂತ ಮಂಜುಗಡ್ಡೆಯ ಕೈಯೇ ಚೆನ್ನಾಗಿ ಬರುತ್ತದೆ, ಕತ್ತರಿಯಿಂದ ಗವಸು ಸೀಳಿ ತೆಗೆಯಬಹುದು. ಹೊಗೆಗೆ ಡ್ರೈ ಐಸ್ ಮನೆಯಲ್ಲಿ ಬೇಡ. ಮೈನಸ್ 78 ಡಿಗ್ರಿಯದು, ಮುಟ್ಟಿದರೆ ಚರ್ಮ ಸುಡುತ್ತದೆ, ಚೂರು ಹೊಟ್ಟೆಗೆ ಹೋದರೆ ಅನಾಹುತ.

ಎಷ್ಟು ಹೊತ್ತು ಹೊರಗಿಡಬಹುದು? ಕುಮಟಾದಲ್ಲಿ ಮಾಡಿ ಶಿರಸಿಗೆ ಒಯ್ಯಬಹುದೇ?

ಅಗರ್ ಕರಗುವುದಿಲ್ಲ ಎಂದ ಮಾತ್ರಕ್ಕೆ ಹಳಸುವುದಿಲ್ಲ ಎಂದಲ್ಲ. ತೆಂಗಿನ ಹಾಲಿನದು ನಮ್ಮ ಸೆಕೆಯಲ್ಲಿ ಎರಡು ಗಂಟೆಗಿಂತ ಹೆಚ್ಚು ಹೊರಗೆ ಬೇಡ. ಜೆಲಾಟಿನ್‌ದನ್ನು ತಟ್ಟೆಯ ಕೆಳಗೆ ಐಸ್ ತುಂಬಿದ ಇನ್ನೊಂದು ತಟ್ಟೆ ಇಟ್ಟು ಬಡಿಸಿ. ಹೊರಗಿಟ್ಟ ಅಗರ್ ಸ್ವಲ್ಪ ನೀರು ಬಿಡುವುದು ಸಹಜ. ಸಕ್ಕರೆ ಧಾರಾಳವಾಗಿ ಹಾಕಿದ್ದರೆ ಕಡಿಮೆ ಬಿಡುತ್ತದೆ. ಬಿಟ್ಟ ನೀರನ್ನು ಕಾಗದದಲ್ಲಿ ಒತ್ತಿ ತೆಗೆದು ರಕ್ತ ಸುರಿಯಿರಿ, ಇಲ್ಲದಿದ್ದರೆ ರಕ್ತ ನೀರಾಗಿ ಹರಿಯುತ್ತದೆ.

ದೇವಿಮನೆ ಘಟ್ಟದ ತಿರುವಿಗೆ ಅಚ್ಚಿನಿಂದ ತೆಗೆದ ಮಿದುಳು ಉಳಿಯುವುದಿಲ್ಲ. ಅಚ್ಚಿನಲ್ಲೇ ಬಿಟ್ಟು, ಮುಚ್ಚಳ ಬಿಗಿದು, ಐಸ್ ಡಬ್ಬದಲ್ಲಿ ಒಯ್ದು ಅಲ್ಲಿಯೇ ಬೋರಲು ಹಾಕಿ. ರಕ್ತ ಬೇರೆ ಬಾಟಲಿಯಲ್ಲಿ.

ಜೆಲಾಟಿನ್ನೂ ಇಲ್ಲ, ಚೈನಾ ಗ್ರಾಸೂ ಸಿಗಲಿಲ್ಲ. ಪಾರ್ಟಿ ಇವತ್ತೇ.

ಮತ್ತೆ ಕೂವೆ. ಅರ್ಧ ಲೀಟರ್ ದ್ರವಕ್ಕೆ 50 ಗ್ರಾಂ, ಕಾರ್ನ್‌ಫ್ಲೋರ್ ಆದರೂ ಅದೇ ಅಳತೆ. ಹಾಲಬಾಯಿ ಮಾಡಿ ಗೊತ್ತಿರುವ ಕೈಗೆ ಇದು ಏನೂ ಅಲ್ಲ: ತಿರುಗಿಸುತ್ತ ಬೇಯಿಸಿ, ತಳ ಬಿಟ್ಟ ಮೇಲೆ ನೀರು ಸವರಿದ ಬಟ್ಟಲಿಗೆ ಹೊಯ್ದು ತಣಿಸಿ. ಮುರುಗಲು ಒಳಗೆ ಹಾಕಿ ಬೇಯಿಸಬೇಡಿ, ಹುಳಿಗೆ ಹಿಟ್ಟು ತೆಳುವಾಗುತ್ತದೆ. ಮೇಲಿಂದ ಸುರಿಯಿರಿ. ಕನ್ನಡಿಯಂತೆ ಪಾರದರ್ಶಕ ಆಗದು, ಮಸುಕಾಗಿ ಇರುತ್ತದೆ. ಭೂತಕ್ಕೆ ಮಸುಕೇ ಸರಿ ಎಂದು ನನ್ನ ವಾದ.

ಉಳಿದದ್ದನ್ನು ಏನು ಮಾಡುವುದು?

ಫ್ರೀಜರ್‌ಗೆ ಹಾಕಬೇಡಿ. ಹೆಪ್ಪುಗಟ್ಟಿ ಕರಗಿದ ಅಗರ್ ನೀರನ್ನೆಲ್ಲ ಬಿಟ್ಟು ಸ್ಪಂಜಾಗುತ್ತದೆ. ಜಪಾನಿನಲ್ಲಿ ಚಳಿಗಾಲದ ರಾತ್ರಿ ಹೊರಗಿಟ್ಟು ಹಗಲು ಒಣಗಿಸಿ ಒಣ ಅಗರ್ ಮಾಡುತ್ತಿದ್ದದ್ದು ಇದೇ ಗುಣದಿಂದ. ಫ್ರಿಜ್‌ನಲ್ಲಿ ಮುಚ್ಚಿಟ್ಟರೆ ಹಣ್ಣಿನ ರಸದ ಜೆಲ್ಲಿ ಮೂರು ದಿನ ಇರುತ್ತದೆ, ಚೂರು ಮಾಡಿ ಎಳನೀರಿಗೋ ಮುರುಗಲು ಶರಬತ್ತಿಗೋ ಹಾಕಿ ಕಾಮಕಸ್ತೂರಿ ಬೀಜ ಉದುರಿಸಿ ಕುಡಿಯಿರಿ. ತೆಂಗಿನ ಹಾಲಿನ ಕಣ್ಣು, ಮಿದುಳು ಮಾತ್ರ ರಾಜ್ಯೋತ್ಸವದ ಮಧ್ಯಾಹ್ನದೊಳಗೆ ಮುಗಿಸಿ. ಹುಳಿ ವಾಸನೆ ಬಂದಿದ್ದರೆ ಯೋಚನೆ ಮಾಡದೆ ತೆಂಗಿನ ಬುಡಕ್ಕೆ.